ಟಿಕ್ ಹಾಕದೆ ಬಿಟ್ಟ ಸಾಲು

ಕೊಟ್ಟೂರು,
೧೨–೬–೨೦೨೫, ಗುರುವಾರ ಬೆಳಿಗ್ಗೆ

ಪ್ರೀತಿಯ ಸುಮಂಗಲಾ,

ನಿನಗೂ ಸಿರಿಗೂ ನನ್ನ ಆಶೀರ್ವಾದ. ಇದನ್ನು ಕೊನೆಯಲ್ಲಿ ಬರೆಯುವುದು ರೂಢಿ. ಆದರೆ ನಡುವೆ ಎಲ್ಲಿಯಾದರೂ ಸಿಟ್ಟು ಬಂದು ನೀನು ಕಾಗದ ಮಡಚಿಟ್ಟರೆ ಇಷ್ಟಾದರೂ ಮುಟ್ಟಿರಲಿ ಎಂದು ಮೊದಲೇ ಬರೆದಿದ್ದೇನೆ. ಮೈಯಲ್ಲಿ ಹುಷಾರಾಗಿದ್ದೀಯಾ? ಹೋಗುವ ದಿನ ನಿನ್ನ ಮುಖ ಬಾಡಿತ್ತು. ಒಂದು ಲೋಟ ಚಹಾ ಬಿಟ್ಟರೆ ಬೆಳಗಿನಿಂದ ಏನೂ ತೆಗೆದುಕೊಂಡಿರಲಿಲ್ಲ. ಸಿಟ್ಟು ಬಂದಾಗ ಊಟ ಬಿಡುವ ಗುಣ ನಿನಗೆ ಮೊದಲಿನಿಂದಲೂ ಇದೆ, ಅದರಿಂದ ಯಾರಿಗೂ ಬುದ್ಧಿ ಬರುವುದಿಲ್ಲ, ನಿನ್ನ ಹೊಟ್ಟೆಯೇ ಉರಿಯುತ್ತದೆ. ಸಿರಿಯ ಕೆಮ್ಮು ಹೇಗಿದೆ? ಹಿರೇಹಡಗಲಿಯಲ್ಲಿ ಈಗ ಹೊಲ ಹರಗುವ ಧೂಳು ಇರುತ್ತದೆ, ಅವಳನ್ನು ಹೊತ್ತಲ್ಲದ ಹೊತ್ತಿನಲ್ಲಿ ಹೊರಗೆ ಬಿಡಬೇಡ. ಮಲಗುವಾಗ ಎದೆಗೆ ಬಿಸಿ ಎಣ್ಣೆ ಹಚ್ಚು. ನಿನ್ನ ತಾಯಿಗೆ ಎಲ್ಲ ಗೊತ್ತು, ಆದರೆ ಮೊಮ್ಮಗಳು ಕೇಳಿದಳೆಂದು ರಾತ್ರಿ ಹೊತ್ತು ಮೊಸರನ್ನ ಕೊಟ್ಟುಬಿಡುತ್ತಾರೆ. ಯುಗಾದಿಗೆ ಬಂದಾಗ ನಾನೇ ಕಣ್ಣಾರೆ ನೋಡಿದ್ದೇನೆ. ನಿನ್ನ ತಂದೆಯವರ ಮೊಣಕಾಲು ನೋವು ಈಗ ಹೇಗಿದೆ, ತಿಳಿಸು.

ನಾನು ಚೆನ್ನಾಗಿದ್ದೇನೆ. ಬಿಪಿ ಗುಳಿಗೆ ಮರೆಯದೆ ನುಂಗುತ್ತಿದ್ದೇನೆ, ಜ್ಞಾಪಿಸುವವರು ಇಲ್ಲದಿದ್ದರೂ. ಕಾರಹುಣ್ಣಿಮೆಗೆ ಹೋಳಿಗೆ ಮಾಡಿದೆ. ಹೂರಣ ಗಟ್ಟಿಯಾಯಿತು. ಯಾರೂ ಹೇಳಲಿಲ್ಲ, ಹೇಳುವ ಧೈರ್ಯ ಯಾರಿಗಿದೆ, ನಾನೇ ನಿನಗೆ ಹೇಳುತ್ತಿದ್ದೇನೆ. ಶಾಲೆ ಶುರುವಾಗಿದೆ. ಸಿರಿಯ ಟೀಚರು ದಾರಿಯಲ್ಲಿ ಸಿಕ್ಕು ಕೇಳಿದರು. ತಾಯಿಯ ಊರಿಗೆ ಹೋಗಿದ್ದಾಳೆ ಎಂದೆ. ಜ್ವರ ಗಿರ ಎಂದು ಸುಳ್ಳು ಹೇಳಲು ನನಗೆ ನಾಲಿಗೆ ಏಳಲಿಲ್ಲ.

ನೀನು ನನ್ನ ಫೋನು ಎತ್ತುತ್ತಿಲ್ಲ. ಅದಕ್ಕೆ ನನಗೆ ಬೇಸರವಿಲ್ಲ, ನಿನ್ನ ಜಾಗದಲ್ಲಿ ನಾನಿದ್ದರೂ ಎತ್ತುತ್ತಿರಲಿಲ್ಲ. ಎತ್ತಿದ್ದರೂ ಈ ಮಾತು ಫೋನಿನಲ್ಲಿ ಆಡುವಂಥದ್ದಲ್ಲ. ಆ ಕಡೆ ನಿನ್ನ ಅಣ್ಣ ನಿಂತಿರುತ್ತಾನೆ, ಈ ಕಡೆ ಅಂಗಡಿಗೆ ಬಂದವರು ನಿಂತಿರುತ್ತಾರೆ, ಅರ್ಧ ಹೇಳುವಷ್ಟರಲ್ಲಿ ದನಿ ಏರುತ್ತದೆ. ಕಾಗದವನ್ನಾದರೆ ನಿಧಾನವಾಗಿ ಓದುತ್ತೀ. ಇದರಲ್ಲಿ ನಿನಗೆ ಗೊತ್ತಿರುವುದನ್ನೂ ಮತ್ತೆ ಬರೆದಿದ್ದೇನೆ, ಯಾಕೆಂದರೆ ಇದನ್ನು ನಿನ್ನ ತಂದೆತಾಯಿಗೂ ಓದಿ ಹೇಳಬೇಕು. ಅವರು ಇಲ್ಲಿಯತನಕ ಒಂದು ಕಡೆಯ ಮಾತು ಮಾತ್ರ ಕೇಳಿದ್ದಾರೆ.

ನಿನ್ನ ಮಾವ ಹೋದ ಮೇಲೆ ಶಾಮಿಯಾನದ ಅಂಗಡಿ ಮುಚ್ಚುತ್ತದೆ ಎಂದು ಈ ಬೀದಿಯಲ್ಲಿ ಎಷ್ಟು ಜನ ಅಂದಿದ್ದರು ಎಂಬುದು ನಿನಗೆ ಗೊತ್ತು. ಮುಚ್ಚಲಿಲ್ಲ. ಸುತ್ತಲಿನ ಐದು ತಾಲೂಕಿನ ಮದುವೆಗಳಿಗೆ ನಮ್ಮ ಪೆಂಡಾಲು, ನಮ್ಮ ಪಾತ್ರೆ, ನಮ್ಮ ಕುರ್ಚಿ ಹೋಗುತ್ತವೆ. ದಾರಿಯಲ್ಲಿ ಡೀಸೆಲ್ಲು, ಟೈರು, ಹಗ್ಗ ಅಂತ ಖರ್ಚು ಬರುತ್ತದೆಂದು ಬ್ಯಾಂಕಿನಲ್ಲಿ ನನ್ನ ಠೇವಣಿಯ ಮೇಲೆ ಒಂದು ಕ್ರೆಡಿಟ್ ಕಾರ್ಡು ತೆಗೆದುಕೊಂಡೆ. ಕಾರ್ಡು ನನ್ನ ಹೆಸರಿನದು, ಇರುವುದು ಮಗ ಪಾಲಾಕ್ಷನ ಜೇಬಿನಲ್ಲಿ. ತಿಂಗಳಿಗೊಮ್ಮೆ ಕಾರ್ಡಿನ ಖರ್ಚಿನ ಪಟ್ಟಿ ಬಂದಾಗ ನೀನು ಮೊಬೈಲಿನಲ್ಲಿ ಓದುವುದು, ನಾನು ಅಕ್ಕಿ ಆರಿಸುತ್ತಾ ಹೂಂ ಎನ್ನುವುದು ನಮ್ಮಿಬ್ಬರ ಪದ್ಧತಿ. ಯಾವ ಬಂಕು, ಯಾವ ಟೈರಿನ ಅಂಗಡಿ ಎಂದು ಹೆಸರು ಕೇಳಿದರೆ ಸಾಕು, ನನಗೆ ಗುರುತು ಸಿಗುತ್ತಿತ್ತು. ನೀನು ಹೋಗುವ ಹಿಂದಿನ ಸಂಜೆ ಮಾತ್ರ ನೀನು ಓದಿದ ಮೂರು ಸಾಲು ನನಗೆ ಗುರುತು ಸಿಗಲಿಲ್ಲ. ಎರಡು ಸಾಲಿನಲ್ಲಿ ಒಂದೇ ಹೆಸರು, ಹರಪನಹಳ್ಳಿಯದು. ಮೂರನೆಯದು ಇಂಗ್ಲಿಷಿನ ಏನೋ ಒಂದು ಹೆಸರು, ಊರಿಲ್ಲ ಕೇರಿಯಿಲ್ಲ, ಇಬ್ಬರಿಗೂ ಉಚ್ಚರಿಸಲು ಬರಲಿಲ್ಲ. ದೊಡ್ಡ ಮೊತ್ತ ಅದೇ ಆಗಿತ್ತು. ಆದರೆ ನೀನು ಅದನ್ನು ಬಿಟ್ಟು ಮೊದಲಿನ ಎರಡಕ್ಕೇ ತಿರುಗಿ ಹೋದೆ. ಫೋನನ್ನು ನನ್ನ ಮುಂದೆ ಹಿಡಿದು, "ಅತ್ತಿ, ಇದು ಬಾರು" ಅಂದೆ. ಅಷ್ಟೇ. ನಾನಾಗಿದ್ದರೆ ಮನೆ ಹಾರಿಹೋಗುವಂತೆ ಕೂಗುತ್ತಿದ್ದೆ.

ಪಾಲಾಕ್ಷ ಬಂದ. ಕೇಳಿದೆವು. ತಾನು ಯಾವ ಬಾರಿಗೂ ಹೋಗಿಲ್ಲ ಎಂದ. ಮೊದಲಿನ ತಾರೀಖು ತೋರಿಸಿದಾಗ, ಅವತ್ತು ಹಲವಾಗಲಿನ ಮದುವೆಯ ಪೆಂಡಾಲು ಗಾಳಿಗೆ ಬಿದ್ದ ಮರುದಿನ, ಮುರಿದ ಪೈಪುಗಳನ್ನು ಹರಪನಹಳ್ಳಿಯಲ್ಲಿ ವೆಲ್ಡಿಂಗ್ ಮಾಡಿಸಿ ಕಾರ್ಡಿನಲ್ಲೇ ದುಡ್ಡು ಕೊಟ್ಟೆ ಎಂದ. ನೀನು ಪಟ್ಟಿಯನ್ನು ಮೇಲಿನಿಂದ ಕೆಳಗೆ ಮತ್ತೆ ನೋಡಿದೆ. ವೆಲ್ಡಿಂಗ್ ಅಂಗಡಿ ಎಂಬ ಹೆಸರು ಎಲ್ಲೂ ಇರಲಿಲ್ಲ. ಪಟ್ಟಿಯಲ್ಲಿರುವ ಕಡೆ ಹೋಗಿಲ್ಲ ಅನ್ನುತ್ತಾನೆ, ಪಟ್ಟಿಯಲ್ಲಿ ಇಲ್ಲದ ಕಡೆ ಹೋಗಿದ್ದೆ ಅನ್ನುತ್ತಾನೆ. ಯಾರಾದರೂ ನೀನು ತಿಳಿದಂತೆಯೇ ತಿಳಿಯುತ್ತಿದ್ದರು. ನಾಲ್ಕು ವರ್ಷದ ಹಿಂದೆ ಅವನನ್ನು ರಸ್ತೆಯಿಂದ ಎಬ್ಬಿಸಿಕೊಂಡು ಬಂದವಳು ನೀನು. ಗುರು ಕೊಟ್ಟೂರೇಶ್ವರನ ಮುಂದೆ ಇನ್ನು ಮುಟ್ಟುವುದಿಲ್ಲ ಎಂದು ಅವನು ಆಣೆ ಮಾಡಿದಾಗ ಪಕ್ಕದಲ್ಲಿ ಬಸುರಿ ನಿಂತವಳೂ ನೀನು. ನಿನಗೆ ದುಡ್ಡಿನ ಚಿಂತೆಯಿರಲಿಲ್ಲ ಎಂಬುದು ನನಗೆ ಅವತ್ತೇ ತಿಳಿಯಿತು. ಬೆಳಿಗ್ಗೆ ನೀನು ಚೀಲ ಹಿಡಿದು ಹೊರಟಾಗ ನಾನು ತಡೆಯಲಿಲ್ಲ, ಬಸ್ ಸ್ಟ್ಯಾಂಡಿನ ತನಕ ಬಂದೆ. "ನೀ ಹೋಗು. ಕುಡದಾನೋ ಇಲ್ಲೋ ನಾ ನೋಡ್ತೀನಿ. ಏನಿದ್ರೂ ನಾನಾ ಬರದು ತಿಳಸ್ತೀನಿ, ಮಗ ಅಂತ ಮುಚ್ಚಿಡಂಗಿಲ್ಲ" ಎಂದೆ. ನೀನು ತಲೆ ಅಲ್ಲಾಡಿಸಿದೆಯೇ ಹೊರತು ನಂಬಿದೆ ಎಂದು ನನಗೆ ಅನ್ನಿಸಲಿಲ್ಲ. ತಾಯಿ ಅಲ್ಲವೇ, ಎಂದುಕೊಂಡಿರುತ್ತೀ.

ಅವತ್ತೇ ಬ್ಯಾಂಕಿಗೆ ಹೋದೆ. ಪಾಲಾಕ್ಷ ತಾನೂ ಬರುತ್ತೇನೆ ಎಂದ, ಬಾ ಎಂದೆ. ಕಾರ್ಡಿನ ಕೆಲಸ ನೋಡುವುದು ಈಗ ಗೌಸಿಯಾ ಎಂಬ ಹುಡುಗಿ, ಕೂಡ್ಲಿಗಿಯವಳು, ಈ ವರ್ಷ ಬಂದಿದ್ದಾಳೆ. ನನ್ನನ್ನು ನೋಡಿದವಳೇ "ಕುಂದರ್ರಿ ಅಜ್ಜಿ" ಎಂದಳು. ಅಜ್ಜಿ ಮನೆಯಲ್ಲಿ, ಇಲ್ಲಿ ನಾನು ಖಾತೆದಾರಳು ಎಂದೆ. ನಕ್ಕು ಅಮ್ಮಾರ ಎಂದು ಬದಲಾಯಿಸಿಕೊಂಡಳು, ಒಳ್ಳೆಯ ಹುಡುಗಿ. ಮೂರೂ ಸಾಲು ತೋರಿಸಿದೆ. ಮೂರನೆಯದನ್ನು ನೋಡಿ ಅವಳ ಮುಖ ಗಂಭೀರವಾಯಿತು. ಅದು ಹೊರದೇಶದ ಯಾವುದೋ ಸೈಟಿನದು, ಓಟಿಪಿ ಕೇಳದೆ ಬರೀ ಕಾರ್ಡಿನ ನಂಬರು ಹಾಕಿ ಎಳೆದಿದ್ದಾರೆ, ಮೊದಲು ಕಾರ್ಡು ಬಂದ್ ಮಾಡಿಸಬೇಕು, ಉಳಿದದ್ದು ಆಮೇಲೆ ಎಂದಳು. ಕಾರ್ಡಿನ ಹಿಂದಿರುವ ನಂಬರಿಗೆ ಅಲ್ಲಿಂದಲೇ ಫೋನು ಮಾಡಿದೆ. ಪಾಲಾಕ್ಷ ಕೈ ಚಾಚಿದ, ಕೊಡಲಿಲ್ಲ, ಕಾರ್ಡು ನನ್ನ ಹೆಸರಿನದು. ಅದನ್ನು ಒತ್ತಿ ಇದನ್ನು ಒತ್ತಿ ಎಂದು ಯಂತ್ರ ಬಹಳ ಹೊತ್ತು ಕುಣಿಸಿತು. ಕೊನೆಗೆ ಒಬ್ಬ ಮನುಷ್ಯ ಸಿಕ್ಕಿ ಹುಟ್ಟಿದ ತಾರೀಖು ಕೇಳಿದ. ಶಾಲೆಗೆ ಸೇರಿಸುವಾಗ ಮೇಷ್ಟ್ರು ಬರೆದುಕೊಂಡ ತಾರೀಖನ್ನೇ ಹೇಳಿದೆ. ನಿಜವಾದದ್ದು ನಮ್ಮವ್ವನಿಗೆ ಮಾತ್ರ ಗೊತ್ತಿತ್ತು, ಅವಳೂ ಅದನ್ನು ಶೀಗಿ ಹುಣ್ಣಿಮೆಯ ಹಿಂದುಮುಂದು ಅನ್ನುತ್ತಿದ್ದಳು. ಕಾರ್ಡು ಬಂದ್ ಆಯಿತು, ದೂರಿನ ನಂಬರು ಕೊಟ್ಟ, ಅಂಗೈ ಮೇಲೆ ಬರೆದುಕೊಂಡೆ.

ಆಮೇಲೆ ಗೌಸಿಯಾ ಒಂದು ಅರ್ಜಿ ಮುಂದಿಟ್ಟಳು. ಯಾವ ಸಾಲು ನಿಮ್ಮದಲ್ಲವೋ ಅದರ ಮುಂದೆ ಟಿಕ್ ಹಾಕಿ ಸಹಿ ಮಾಡಬೇಕು. ಆದರೆ ಅವಸರ ಬೇಡ ಎಂದಳು. ಗುರುತು ಸಿಗಲಿಲ್ಲ ಅಂದಮಾತ್ರಕ್ಕೆ ನಿಮ್ಮದಲ್ಲ ಅಂತಲ್ಲ, ಬೋರ್ಡಿನ ಮೇಲೆ ಒಂದು ಹೆಸರಿರುತ್ತದೆ, ಮೆಷಿನ್ನು ಇನ್ನೊಂದು ಹೆಸರಿನಲ್ಲಿರುತ್ತದೆ, ಮನೆಯಲ್ಲಿ ಎಲ್ಲರನ್ನೂ ಕೇಳಿ, ಆ ಅಂಗಡಿಯವರನ್ನೂ ಕೇಳಿ ಎಂದಳು. ಹರಪನಹಳ್ಳಿಯ ಎರಡೂ ಸಲ ಪಿನ್ ಒತ್ತಿಯೇ ದುಡ್ಡು ಹೋಗಿದೆ ಎಂದೂ ಹೇಳಿದಳು. ನಾನು ಪೆನ್ನು ತೆಗೆದು ಮೂರನೆಯ ಸಾಲಿಗೆ ಟಿಕ್ ಹಾಕಿದೆ. ಆಗ ಪಾಲಾಕ್ಷ ನನ್ನ ಕಿವಿಯ ಹತ್ತಿರ ಬಗ್ಗಿ, "ಅವ್ವಾ, ಮೂರಕ್ಕೂ ಹಾಕಿಬಿಡು. ಕಳ್ಳರು ಮಾಡ್ಯಾರ ಅಂದ್ರ ಮುಗೀತು, ಸುಮಾನೂ ನಂಬ್ತಾಳ" ಎಂದ.

ಸುಮಂಗಲಾ, ಅಲ್ಲಿಯವರೆಗೆ ನಾನು ಅವನನ್ನು ನಂಬಿದ್ದೆ. ಪೆನ್ನು ಅಲ್ಲೇ ನಿಂತಿತು. ಹಾಕಿದ್ದರೆ ಎಲ್ಲ ಸುಲಭವಾಗುತ್ತಿತ್ತು, ಅದು ನನಗೂ ಹೊಳೆಯಲಿಲ್ಲ ಎಂದು ತಿಳಿಯಬೇಡ. ಅರ್ಜಿಯ ಒಂದು ಪ್ರತಿ ನಿನಗೆ ಕಳಿಸಿದರೆ ಸಾಕಿತ್ತು, ಮೂರೂ ಕಳ್ಳರದೇ ಎಂದು ಬ್ಯಾಂಕಿನ ಮುದ್ರೆ ಹಾಕಿಸಿ. ನೀನು ಮರುದಿನ ಬಸ್ಸಿಗೆ ಬರುತ್ತಿದ್ದೆ. ಮಗುವಿನ ಶಾಲೆ ತಪ್ಪುತ್ತಿರಲಿಲ್ಲ. ಬೀದಿಯವರ ಬಾಯಿಯೂ ಮುಚ್ಚುತ್ತಿತ್ತು. ಆದರೆ ಸಹಿ ನನ್ನದು. ನಾನು ನೋಡದೆ ಇರುವುದಕ್ಕೆ ನಾನು ಸಹಿ ಮಾಡುವುದಿಲ್ಲ. ಒಂದೇ ಟಿಕ್ಕಿನ ಅರ್ಜಿ ಕೊಟ್ಟು ಎದ್ದೆ. ಉಳಿದ ಎರಡಕ್ಕೆ ಇನ್ನೂ ಸಮಯವಿದೆ ಎಂದು ಗೌಸಿಯಾ ಹೇಳಿದಳು. ಮನೆಯ ತನಕ ಪಾಲಾಕ್ಷ ಹಿಂದೆ ನಡೆದು ಬಂದ, ನಾನು ತಿರುಗಿ ನೋಡಲಿಲ್ಲ.

ಸೋಮವಾರ ಯೂನುಸನಿಗೆ ಗಾಡಿ ತೆಗೆಯಲು ಹೇಳಿದೆ. ನಮ್ಮ ಲೈಟಿನ ಕೆಲಸದ ಯೂನುಸನ ಗುಣ ನಿನಗೆ ಗೊತ್ತೇ ಇದೆ, ಕಾರಣ ಕೇಳದೆ ಬರುತ್ತಾನೆ, ದಾರಿಯುದ್ದಕ್ಕೂ ಕಾರಣ ಕೇಳುತ್ತಾನೆ. ಹರಪನಹಳ್ಳಿ ಬಂದಾಗ ಹೇಳಿದೆ. ಗಾಡಿ ನಿಲ್ಲಿಸಿಬಿಟ್ಟ. "ಅಮ್ಮಾರ, ನೀವು ಬಾರ್‌ನ್ಯಾಗ ಕಾಲಿಟ್ರ ಊರಾಗ ನನ್ನ ಮರ್ಯಾದಿ ಹೊಕ್ಕೈತಿ" ಎಂದ. ನಿನ್ನ ಮರ್ಯಾದೆಯನ್ನು ಗಾಡಿಯಲ್ಲೇ ಕೂರಿಸಿಕೊಂಡು ಕಾಯುತ್ತಿರು ಎಂದು ಹೇಳಿ ಇಳಿದೆ.

ಮದುವೆಗೆ ಉಡುವ ಇಳಕಲ್ ಸೀರೆ ಉಟ್ಟು ಹೋಗಿದ್ದೆ. ಹಳೆಯ ಸೀರೆಯಲ್ಲಿ ಹೋದರೆ ಗಂಡನನ್ನು ಹುಡುಕಿಕೊಂಡು ಬಂದ ಬಡಪಾಯಿ ಎಂದುಕೊಳ್ಳುತ್ತಾರೆ. ಮಧ್ಯಾಹ್ನದ ಹೊತ್ತು, ಒಳಗೆ ಏಳೆಂಟು ಜನ ಇದ್ದರು. ನನ್ನನ್ನು ಕಂಡು ಒಬ್ಬ ಎದ್ದೇ ನಿಂತ, ತನ್ನ ತಾಯಿಯೇ ಬಂದಳೋ ಏನೋ ಎಂಬಂತೆ. ಕೊಟ್ಟೂರಿನವನೊಬ್ಬ ಮೇಜಿನ ಕೆಳಗೆ ಚಪ್ಪಲಿ ಹುಡುಕುವವನಂತೆ ಬಗ್ಗಿದ. ಅವನು ಯಾರೆಂದು ಬರೆಯುವುದಿಲ್ಲ, ಅವನ ಹೆಂಡತಿ ನಿನ್ನ ಗೆಳತಿ. ಗಲ್ಲೆಯ ಮೇಲೆ ಕ್ರಾಂತಿಕುಮಾರ್ ಎಂಬುವನು ಕೂತಿದ್ದ, ಮಾಲೀಕನೂ ಅವನೇ. "ಅಮ್ಮಾರೇ, ನೀವ್ಯಾಕೆ ಒಳಗೆ ಬಂದ್ರಿ, ಹೇಳಿ ಕಳಿಸಿದ್ರೆ ನಾನೇ ಬರ್ತಿದ್ನಲ್ಲ" ಎಂದು ಓಡಿ ಬಂದ. ಹೊರಗೆ ಮಾತಾಡೋಣ ಎಂದ. ದುಡ್ಡು ಒಳಗೆ ಹೋಗಿದೆ, ಮಾತೂ ಒಳಗೇ ಆಗಲಿ ಎಂದು ಕುರ್ಚಿ ಎಳೆದುಕೊಂಡು ಕೂತೆ.

ಪಟ್ಟಿ ತೋರಿಸಿ ಮೊದಲನೆಯ ತಾರೀಖು ಹೇಳಿದೆ. ಅವನು ಮೊಬೈಲಿನಲ್ಲಿ ತನ್ನ ಮೆಷಿನ್ನಿನ ಲೆಕ್ಕ ತೆಗೆದ. ಅದರಲ್ಲಿ ಹೊತ್ತೂ ಬರುತ್ತದೆ, ನಮ್ಮ ಪಟ್ಟಿಯಲ್ಲಿ ಅದು ಬರುವುದಿಲ್ಲ. ನೋಡಿ ಅವನಿಗೇ ನಗು ಬಂತು. ಬೆಳಗಿನ ಎಂಟಕ್ಕೂ ಮೊದಲು ಉಜ್ಜಿದ ಕಾರ್ಡು, ಆಗ ತನ್ನ ಬಾಗಿಲೇ ತೆಗೆದಿರುವುದಿಲ್ಲ ಎಂದ. ಹಾಗಾದರೆ ಬಾಗಿಲು ಹಾಕಿದ ಬಾರಿನಲ್ಲಿ ನನ್ನ ದುಡ್ಡು ತೆಗೆದುಕೊಂಡವರು ಯಾರು ಎಂದೆ. ಅವನು ಪಕ್ಕದ ಗೋಡೆಯ ಕಡೆ ಕೈ ತೋರಿಸಿದ. ಆ ಗಲ್ಲಿಯ ಪದ್ಧತಿ ಕೇಳು. ಐದು ಅಂಗಡಿಗೆ ಕಾರ್ಡು ಉಜ್ಜುವ ಮೆಷಿನ್ನು ಇರುವುದು ಒಂದೇ, ಈ ಬಾರಿನದು. ಅದರ ಬಾಡಿಗೆ ಎಲ್ಲರಿಗೂ ಹೊರೆ, ಅದಕ್ಕೆ ರಾತ್ರಿ ಬಾಗಿಲು ಹಾಕುವಾಗ ಕ್ರಾಂತಿಕುಮಾರ್ ಅದನ್ನು ಪಕ್ಕದ ವೆಲ್ಡಿಂಗ್ ಅಂಗಡಿಯ ಕಿಟಕಿಯೊಳಗೆ ಇಟ್ಟು ಹೋಗುತ್ತಾನೆ. ಬೆಳಿಗ್ಗೆ ಯಾರಿಗೆ ಗಿರಾಕಿ ಬಂದರೂ ಅದರಲ್ಲೇ ಉಜ್ಜುತ್ತಾರೆ. ದುಡ್ಡು ಇವನ ಖಾತೆಗೆ ಬೀಳುತ್ತದೆ, ಭಾನುವಾರ ಚಹಾ ಕುಡಿಯುತ್ತಾ ಅವರವರದು ಅವರಿಗೆ ಕೊಡುತ್ತಾನೆ. ಉಜ್ಜಿದವನ ಪಟ್ಟಿಯಲ್ಲಿ ಮಾತ್ರ ಬಾರಿನ ಹೆಸರು ಕೂರುತ್ತದೆ. ಇದರಿಂದ ಒಬ್ಬರ ಮನೆ ಒಡೆಯಬಹುದು ಎಂದು ಆ ಐದು ಜನರಲ್ಲಿ ಒಬ್ಬನಿಗೂ ಹೊಳೆದಿಲ್ಲ.

ವೆಲ್ಡಿಂಗ್ ಅಂಗಡಿಯ ಮಕ್ತುಂ ಸಾಬರು ನನ್ನ ವಯಸ್ಸಿನವರು. ಹಲವಾಗಲಿನ ಪೆಂಡಾಲು ಎಂದದ್ದೇ ತಡ, ಅವರಿಗೆ ಎಲ್ಲ ನೆನಪಾಯಿತು. ಪಾಲಾಕ್ಷ ಬೆಳಕು ಹರಿಯುವ ಮೊದಲೇ ಗಾಡಿ ತುಂಬ ಪೈಪು ತಂದು ಬಾಗಿಲು ಬಡಿದನಂತೆ, ಮುಹೂರ್ತದೊಳಗೆ ಪೆಂಡಾಲು ಎದ್ದು ನಿಲ್ಲದಿದ್ದರೆ ನಮ್ಮ ಅವ್ವ ನನ್ನನ್ನು ಮನೆಗೆ ಸೇರಿಸುವುದಿಲ್ಲ ಎಂದನಂತೆ. ಇವರು ನಾಷ್ಟಾ ಬಿಟ್ಟು ಕೂತು ಬೆಸುಗೆ ಹಾಕಿ ಕಳಿಸಿದ್ದಾರೆ. ನೀವು ನಮಾಜು ಮಾಡುವವರು ಬಾರಿನ ಮೆಷಿನ್ನು ಹೇಗೆ ಇಟ್ಟುಕೊಂಡಿರಿ ಎಂದು ಕೇಳಿದೆ. "ಅವನ ಶೀಶೆ ಮುಟ್ಟಂಗಿಲ್ರಿ ಅಮ್ಮಾ, ಮಷೀನ್ ಮುಟ್ಟಿದ್ರ ಏನ್ ನಶಾ ಏರ್ತತೇನ್ರಿ?" ಎಂದು ನಕ್ಕರು. ನನಗೂ ನಗು ಬಂತು, ಸುಮಂಗಲಾ. ಎಷ್ಟೋ ದಿನದ ಮೇಲೆ ನಕ್ಕೆ. ನನ್ನ ಮಗ ನಿಜ ಹೇಳಿದ್ದಾನೆ ಎಂದು ಆ ಗಲ್ಲಿಗೆಲ್ಲ ಕೇಳುವಂತೆ ಹೇಳಬೇಕು ಅನ್ನಿಸಿತು. ಮಕ್ತುಂ ಸಾಬರು ಒಳಗಿನಿಂದ ಒಂದು ಪೈಪು ತಂದು ಗೋಡೆಗೆ ಒರಗಿಸಿದರು. ನಮ್ಮ ಕೆಂಪು ಹಸಿರು ಬಣ್ಣದ ಪಟ್ಟೆಯಿತ್ತು. ಅವತ್ತು ಸೀಳಿದ್ದ ಈ ಒಂದು ಪೈಪು ಸರಿಯಾಗಿರಲಿಲ್ಲ, ಆಮೇಲೆ ಒಯ್ಯುತ್ತೇನೆ ಎಂದು ಬಿಟ್ಟುಹೋದವನು ಇಲ್ಲಿಯವರೆಗೂ ಬಂದೇ ಇಲ್ಲ ಎಂದರು.

ಅಲ್ಲಿಂದಲೇ ಗಾಡಿ ಹತ್ತಿ ಬರಬಹುದಾಗಿತ್ತು. ಆದರೆ ಎರಡನೆಯ ಸಾಲು ಬಾಕಿ ಇತ್ತು. ಅದೂ ವೆಲ್ಡಿಂಗಿನದೇ ಇರಲಿ ಎಂದು ಮನಸ್ಸಿನಲ್ಲಿ ಹಾರೈಸಿಕೊಂಡೇ ಮತ್ತೆ ಬಾರಿನೊಳಗೆ ಹೋದೆ. ಕ್ರಾಂತಿಕುಮಾರ್ ನೋಡಿದ. ಈ ಸಲ ನಗಲಿಲ್ಲ. ರಾತ್ರಿ ಒಂಬತ್ತು ದಾಟಿದ ಮೇಲಿನದು. ಆ ಹೊತ್ತಿಗೆ ಮೆಷಿನ್ನು ತನ್ನ ಗಲ್ಲೆಯ ಮೇಲೆಯೇ ಇರುತ್ತದೆ, ಪಕ್ಕದ ಅಂಗಡಿಗಳು ಮುಚ್ಚಿರುತ್ತವೆ ಎಂದ. ಕಳ್ಳತನದ್ದು ಎಂದು ಬರೆದುಕೊಡಲೇ ಎಂದು ಅವನೇ ಮೆಲ್ಲಗೆ ಕೇಳಿದ, ಪಾಪ, ನನ್ನ ಮುಖ ನೋಡಿ. ಬೇಡ ಎಂದೆ. ಪೈಪನ್ನು ಗಾಡಿಗೆ ಹಾಕಿಸಿಕೊಂಡು ಹೊರಟೆ. ದಾರಿಯಲ್ಲಿ ಯೂನುಸ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ.

ಪಾಲಾಕ್ಷ ಅಂಗಡಿಯಲ್ಲಿ ಕುರ್ಚಿಗಳನ್ನು ಒಂದರ ಮೇಲೊಂದು ಪೇರಿಸುತ್ತಿದ್ದ. ಪೈಪನ್ನು ನೋಡಿದ ಕೂಡಲೇ ಅವನ ಕೈ ನಿಂತಿತು. ಯೂನುಸ ಸೀರಿಯಲ್ ಲೈಟಿನ ಗಂಟು ಬಿಡಿಸುವ ನೆಪ ಹೇಳಿ ಹೊರಗೆ ಹೋದ. ಮೊದಲನೆಯದು ನೀನು ಹೇಳಿದಂತೆಯೇ ಇದೆ, ನೀನು ಸುಳ್ಳು ಹೇಳಿಲ್ಲ ಎಂದು ಮೊದಲು ಹೇಳಿದೆ. ಅದು ಅವನಿಗೆ ಸಲ್ಲಬೇಕಾದದ್ದು. ಆಮೇಲೆ ಕೇಳಿದೆ.

"ಎರಡನೇದು ಯಾರು?"

"ನಾನಾ, ಅವ್ವ."

"ಕುಡದಿ?"

"ಹೂಂ."

ಪೈಪು ತರಲೆಂದೇ ಹೋಗಿದ್ದನಂತೆ. ಹೋಗುವಷ್ಟರಲ್ಲಿ ಕತ್ತಲಾಗಿ ಮಕ್ತುಂ ಸಾಬರು ಬಾಗಿಲು ಹಾಕಿದ್ದರಂತೆ. ಅವತ್ತು ಹಲವಾಗಲಿನವರು ಪೆಂಡಾಲು ಬಿದ್ದದ್ದಕ್ಕೆ ಬಾಕಿ ಕೊಡುವುದಿಲ್ಲ ಎಂದು ನಾಲ್ಕು ಜನರ ಮುಂದೆ ಬೈದು ಕಳಿಸಿದ್ದರಂತೆ. ಆ ಬಾಗಿಲ ಮುಂದೆ ನಿಂತಿದ್ದ, ಪಕ್ಕದ ಬಾಗಿಲು ತೆರೆದಿತ್ತು. ಒಂದು ಕುಡಿದೆ, ಎರಡನೆಯದನ್ನು ಹಾಗೆಯೇ ಬಿಟ್ಟು ಎದ್ದು ಬಂದೆ ಎಂದು ಹೇಳಿದ. ಒಂದೋ ಎರಡೋ ನನಗೆ ಗೊತ್ತಿಲ್ಲ. ಗೊತ್ತಿಲ್ಲದ್ದನ್ನು ಗೊತ್ತು ಎಂದು ನಿನಗೆ ಬರೆಯುವುದಿಲ್ಲ. ಅದಕ್ಕೆ ಹಿಂದೆಯಾಗಲಿ ಮುಂದೆಯಾಗಲಿ ಇನ್ನೊಂದು ಸಲ ಹೋಗಿಲ್ಲ ಎಂದ. ಆರು ತಿಂಗಳ ಪಟ್ಟಿಗಳನ್ನು ಗೌಸಿಯಾಳಿಂದ ತೆಗೆಸಿ ನೋಡಿದೆ, ಇಂಥದ್ದು ಬೇರೆ ಇಲ್ಲ. ನಗದು ಕೊಟ್ಟಿದ್ದರೆ ಅದು ಪಟ್ಟಿಯಲ್ಲಿ ಬರುವುದಿಲ್ಲ, ಅದೂ ನನಗೆ ಗೊತ್ತಿದೆ, ನಿನಗೂ ಗೊತ್ತಿರಲಿ.

ಅವನು ಅಳುತ್ತಿದ್ದ. ನಾನು ಸಮಾಧಾನ ಮಾಡಲಿಲ್ಲ. ಕುಡಿದದ್ದಕ್ಕಿಂತ ನನಗೆ ಹೆಚ್ಚು ನಾಟಿದ್ದು ಬ್ಯಾಂಕಿನಲ್ಲಿ ಆಡಿದ ಮಾತು. "ನನ್ನ ಕೈಲೆ ಸುಳ್ಳು ಬರಸಾಕ ಹೊಂಟಿದ್ದಿ ಅಲ್ಲಲೇ" ಎಂದಷ್ಟೇ ಹೇಳಿದೆ.

ಇನ್ನು ಬ್ಯಾಂಕಿನ ಸುದ್ದಿ. ಮೂರನೆಯ ಸಾಲಿನ ದುಡ್ಡನ್ನು ಸದ್ಯಕ್ಕೆ ನಮ್ಮ ಲೆಕ್ಕಕ್ಕೆ ತಿರುಗಿ ಹಾಕಿದ್ದಾರೆ. ವಿಚಾರಣೆ ಮುಗಿಯಲು ಇನ್ನೂ ಕೆಲವು ವಾರ ಬೇಕಂತೆ, ಆಮೇಲೆ ಖಾಯಂ. ಅಷ್ಟರೊಳಗೆ ಏನಾದರೂ ಕೇಳುವುದಿದ್ದರೆ ಬರವಣಿಗೆಯಲ್ಲೇ ಕೇಳಿ, ಫೋನಿನಲ್ಲಿ ಯಾರು ಏನು ಕೇಳಿದರೂ ಹೇಳುವುದಿಲ್ಲ ಎಂದು ಗೌಸಿಯಾಳಿಗೆ ತಿಳಿಸಿದ್ದೇನೆ. ಹೊಸ ಕಾರ್ಡು ಬಂದಿದೆ. ಹೊರದೇಶದಲ್ಲಿ ನಡೆಯದಂತೆ, ಮೊಬೈಲಿನಲ್ಲಿ ಖರೀದಿಗೆ ಬಾರದಂತೆ ಮಾಡಿಸಿದೆ. ಅದು ನನ್ನ ಟ್ರಂಕಿನಲ್ಲಿದೆ. ಡೀಸೆಲ್ಲಿಗೆ ಬೇಕಾದಾಗ ಪಾಲಾಕ್ಷ ಬಂದು ಕೇಳಿ ಒಯ್ಯುತ್ತಾನೆ, ಸಂಜೆ ತಂದು ಕೊಡುತ್ತಾನೆ. ಹರಪನಹಳ್ಳಿಯ ಎರಡು ಸಾಲಿಗೆ ನಾನು ಟಿಕ್ ಹಾಕಲಿಲ್ಲ, ಎರಡನ್ನೂ ನನ್ನ ಠೇವಣಿಯ ಬಡ್ಡಿಯಿಂದ ಕಟ್ಟಿದೆ. ಎರಡೂ ನಮ್ಮವೇ.

ಇಷ್ಟೇ ಸುಮಂಗಲಾ. ಒಂದು ಸಾಲಿನಲ್ಲಿ ನಾವು ಅವನ ಮೇಲೆ ಇಲ್ಲದ್ದನ್ನು ಹೊರಿಸಿದ್ದೆವು. ಒಂದು ಸಾಲಿನಲ್ಲಿ ನೀನು ತಿಳಿದದ್ದೇ ನಿಜ. ಇದು ಚಿಕ್ಕದೋ ದೊಡ್ಡದೋ ಎಂದು ನಾನು ತೂಗಿ ಹೇಳುವುದಿಲ್ಲ, ಅವನ ಜೊತೆ ಬಾಳುವವಳು ನೀನು. ನಿನ್ನ ತಂದೆತಾಯಿಗೆ ನನ್ನ ನಮಸ್ಕಾರ ತಿಳಿಸು, ಶಿವಮ್ಮ ಏನನ್ನೂ ಮುಚ್ಚಿಟ್ಟಿಲ್ಲ ಎಂದು ಹೇಳು. ಸಿರಿಯ ಎರಡೂ ಕೆನ್ನೆಗೆ ಅಜ್ಜಿಯ ಮುತ್ತು. ಹೊತ್ತಿಗೆ ಸರಿಯಾಗಿ ಊಟ ಮಾಡು, ಇದು ಅತ್ತೆಯ ಆಜ್ಞೆ ಎಂದೇ ತಿಳಿ.

ಇಂತಿ ನಿನ್ನ ಒಳಿತನ್ನೇ ಬಯಸುವ,
ಅತ್ತೆ ಶಿವಮ್ಮ

ಮ. ವಿ.: ಯೂನುಸ ಗಾಡಿ ಚಾಲೂ ಮಾಡಿ ನಿಂತಿದ್ದಾನೆ, ಹಡಗಲಿ ಕಡೆಯ ಒಂದು ಮದುವೆಗೆ ಪಾತ್ರೆ ಒಯ್ಯುವವನ ಕೈಯಲ್ಲೇ ಇದನ್ನು ಕಳಿಸುತ್ತಿದ್ದೇನೆ. ಮುಖ್ಯವಾದದ್ದನ್ನು ಬರೆಯಲು ಕೈ ಬಂದಿರಲಿಲ್ಲ. ಪಾಲಾಕ್ಷ ಈಗ ಮನೆಯಲ್ಲಿಲ್ಲ. ಸೋಮವಾರ ಸಂಜೆಯೇ ಅವನ ಹಾಸಿಗೆ ಸುತ್ತಿ ನಾನೇ ಹೊರಗಿಟ್ಟೆ. ಗೋದಾಮಿನಲ್ಲಿ ಜಮಖಾನಗಳ ಮೇಲೆ ಮಲಗುತ್ತಾನೆ, ಖಾನಾವಳಿಯಲ್ಲಿ ಉಣ್ಣುತ್ತಾನೆ. ತಪ್ಪು ಮಾಡಿದವನು ಒಳಗೆ ಮಲಗಿ ನೀನು ಮಗುವನ್ನು ಕಟ್ಟಿಕೊಂಡು ತವರಿನಲ್ಲಿ ಕೂರುವುದನ್ನು ನಾನು ನೋಡಲಾರೆ. ಅವನು ಯಾವಾಗ ಹೊಸ್ತಿಲು ದಾಟಿ ಒಳಗೆ ಬರಬೇಕು ಎಂದು ನೀನು ಹೇಳಬೇಕು. ಒಂದು ತಿಂಗಳು ಬೇಡವೆಂದರೆ ಒಂದು ತಿಂಗಳು. ಯಾವತ್ತೂ ಬೇಡವೆಂದರೂ ನೀನು ಈ ಮನೆಯವಳೇ. ಪಾತ್ರೆ ಇಳಿಸಿದ ಮೇಲೆ ಯೂನುಸ ಸಂಜೆ ಖಾಲಿ ಗಾಡಿಯಲ್ಲಿ ನಿಮ್ಮೂರ ಮೇಲೆಯೇ ಬರುತ್ತಾನೆ, ಮುಂದಿನ ಸೀಟಿನಲ್ಲಿ ನಿನಗೂ ಸಿರಿಗೂ ಜಾಗವಿದೆ.